ನಮ್ಮೂರ ಹೆಣ್ಣುಮಕ್ಕಳ ಸಾವನ್ನು ಬರೆದಿಡುವವರು ಯಾರು?

(ಕುಕನೂರಿನಲ್ಲಿ ಮಹಿಳಾ ಸ್ವಸಹಾಯ ಸಂಘಗಳ ಸದಸ್ಯೆಯರ ಸಭೆಯಲ್ಲಿ ನಿವೃತ್ತ ಇತಿಹಾಸ ಉಪನ್ಯಾಸಕಿಯೊಬ್ಬರು ಆಡಿದ ಮಾತುಗಳ ಬರಹರೂಪ)



ವರದಕ್ಷಿಣೆ ಕಾನೂನಿನ ಬಗ್ಗೆ ನಾಲ್ಕು ಮಾತು ಹೇಳಿ ಎಂದು ನನ್ನನ್ನು ಕರೆದಿದ್ದೀರಿ. ಹೇಳುತ್ತೇನೆ. ಆದರೆ ನಾನು ಇತಿಹಾಸ ಪಾಠ ಮಾಡಿದವಳು. ಸ್ವಲ್ಪ ಸುತ್ತು ಹಾಕಿಯೇ ಬರುತ್ತೇನೆ, ಬೇಸರ ಮಾಡಿಕೊಳ್ಳಬೇಡಿ.

ನಮ್ಮ ಸೀಮೆಯಲ್ಲಿ ಕಲ್ಲಿಗೇನೂ ಕೊರತೆ ಇಲ್ಲ. ಇದೇ ಕುಕನೂರಿನಲ್ಲಿ ನವಲಿಂಗನ ಗುಡಿ ಇದೆ, ಮಹಾಮಾಯಿಯ ಗುಡಿ ಇದೆ. ಸಮೀಪದ ಇಟಗಿಯಲ್ಲಿ 1112ರಲ್ಲಿ ಕಟ್ಟಿದ ಮಹಾದೇವ ದೇವಾಲಯ ಇದೆ. ಅದನ್ನು ಕಟ್ಟಿಸಿದವನು ಚಾಲುಕ್ಯ ವಿಕ್ರಮಾದಿತ್ಯನ ದಂಡನಾಯಕ ಮಹಾದೇವ ಎಂದು ಶಾಸನವೇ ಹೇಳುತ್ತದೆ. ಕಲ್ಲು-ಮಣ್ಣು ಹೊತ್ತವರ ಹೆಸರನ್ನು ಮಾತ್ರ ಯಾರೂ ಬರೆಸಲಿಲ್ಲ. ಇನ್ನು ಊರೂರಿಗೆ ವೀರಗಲ್ಲುಗಳಿವೆ. ಕೆಳಗೆ ಕಾದಾಟ, ನಡುವೆ ಸತ್ತವನನ್ನು ಅಪ್ಸರೆಯರು ಎತ್ತಿಕೊಂಡು ಹೋಗುವುದು, ಮೇಲೆ ಕೈಲಾಸ. ಊರ ದನ ಹೊಡೆದುಕೊಂಡು ಹೋದ ಕಳ್ಳರ ಮೇಲೆ ಬಿದ್ದು ಸತ್ತ ಒಕ್ಕಲು ಮಗನಿಗೂ ಇಂಥ ಕಲ್ಲು ಸಿಕ್ಕಿದೆ.

ಹೆಂಗಸರಿಗೆ ಕಲ್ಲು ಇಲ್ಲವೇ? ಇದೆ. ಮಹಾಸತಿ ಕಲ್ಲು. ಬಳೆ ತೊಟ್ಟ ಒಂದು ತೋಳನ್ನು ಕಂಬದಿಂದ ಹೊರಟ ಹಾಗೆ ಕೆತ್ತಿರುತ್ತಾರೆ. ಎಷ್ಟೋ ಕಲ್ಲುಗಳಲ್ಲಿ ಮುಖವೂ ಇರುವುದಿಲ್ಲ, ಹೆಸರೂ ಇರುವುದಿಲ್ಲ. ಹೆಸರು ಉಳಿದಿರುವ ಒಬ್ಬಳನ್ನು ನಾನು ಪ್ರತಿವರ್ಷ ಪಾಠದಲ್ಲಿ ಹೇಳುತ್ತಿದ್ದೆ. ಮೈಸೂರು ಸೀಮೆಯ ಹೆಗ್ಗಡದೇವನಕೋಟೆಯ ಕಡೆ ಬೆಳತೂರು ಎಂಬ ಊರಿದೆ. ಅಲ್ಲಿನ 1057ರ ಶಾಸನದಲ್ಲಿ ದೇಕಬ್ಬೆಯ ಕಥೆ ಇದೆ. ಗಂಡ ಏಚನನ್ನು ಅರಸ ಕೊಲ್ಲಿಸಿದ ಸುದ್ದಿ ಬಂತು. ಅಪ್ಪ, ಅವ್ವ, ಬಂಧುಬಳಗ ಎಲ್ಲ ಕಾಲಿಗೆ ಬಿದ್ದು ಬೇಡವೆಂದರೂ ಆಕೆ ಬೆಂಕಿಗೆ ಬಿದ್ದಳು. ಕವಿ ಬಹಳ ಚೆನ್ನಾಗಿ ಬರೆದಿದ್ದಾನೆ, ಓದಿದರೆ ಕಣ್ಣು ತುಂಬುತ್ತವೆ. ಆದರೆ ಗಂಡನಿಗಾಗಿ ಸಾಯದೆ ಹೊಲ ಮಾಡಿಕೊಂಡು ಎಪ್ಪತ್ತು ವರ್ಷ ಬಾಳಿದ್ದರೆ ದೇಕಬ್ಬೆಗೆ ಕಲ್ಲು ನಿಲ್ಲಿಸುತ್ತಿದ್ದರೇ ಎಂದು ಕೇಳಿದರೆ ತರಗತಿಯಲ್ಲಿ ಹುಡುಗರು ಸುಮ್ಮನಾಗುತ್ತಿದ್ದರು. ಹುಡುಗಿಯರು ನಗುತ್ತಿದ್ದರು.

ಇನ್ನೊಂದು ಕಲ್ಲಿನ ಸಂಗತಿ ಕೇಳಿ. ಮಂಡ್ಯ ಜಿಲ್ಲೆಯ ಆತಕೂರಿನಲ್ಲಿ ಸುಮಾರು 950ರ ಒಂದು ಶಾಸನ ಸಿಕ್ಕಿತು. ಈಗ ಅದು ಬೆಂಗಳೂರಿನ ವಸ್ತುಸಂಗ್ರಹಾಲಯದಲ್ಲಿದೆ. ಕಾಳಿ ಎಂಬ ನಾಯಿ ಕಾಡುಹಂದಿಯ ಜೊತೆ ಕಾದಿತು, ಎರಡೂ ಸತ್ತವು. ಆ ನಾಯಿಯ ನೆನಪಿಗೆ ಕಲ್ಲು ನೆಟ್ಟು, ಅದರ ಪೂಜೆಗೆ ಭೂಮಿಯನ್ನೂ ಬಿಟ್ಟರು. ನಾಯಿಗೆ ಮಾಡಿದ್ದು ತಪ್ಪು ಎಂದು ನಾನು ಹೇಳುತ್ತಿಲ್ಲ, ಒಳ್ಳೆಯ ನಾಯಿಯೇ ಇರಬೇಕು. ಆದರೆ ಸಾವಿರ ವರ್ಷದ ಹಿಂದಿನ ನಾಯಿಯ ಹೆಸರು ನನಗೆ ಗೊತ್ತು, ನನ್ನ ಅಜ್ಜಿಯ ಅವ್ವನ ಹೆಸರು ಗೊತ್ತಿಲ್ಲ. ನಿಮ್ಮಲ್ಲಿ ಎಷ್ಟು ಜನರಿಗೆ ಗೊತ್ತು? ಕೈ ಎತ್ತಿ. ನೋಡಿ, ಇಷ್ಟು ದೊಡ್ಡ ಸಭೆಯಲ್ಲಿ ಮೂರು ಕೈ.

ಈಗಿನ ಕಾಲದಲ್ಲೂ ರೈತರಿಗೆ ಕಲ್ಲು ನಿಲ್ಲಿಸಿದ್ದೇವೆ. 1980ರ ಜುಲೈ 21ರಂದು ಮಲಪ್ರಭಾ ನೀರಿನ ಕರದ ವಿರುದ್ಧ ರೈತರು ಎದ್ದರು. ಗೋಳಿಬಾರಿನಲ್ಲಿ ನರಗುಂದದಲ್ಲಿ ಈರಪ್ಪ ಕಡ್ಲಿಕೊಪ್ಪ, ನವಲಗುಂದದಲ್ಲಿ ಬಸಪ್ಪ ಲಕ್ಕುಂಡಿ ತೀರಿಕೊಂಡರು. ವರ್ಷಾ ಆ ದಿನ ರೈತರು ಅಲ್ಲಿ ಸೇರಿ ಅವರನ್ನು ನೆನೆಯುತ್ತಾರೆ. ನೆನೆಯಲೇಬೇಕು. ಇದೇ ಗೌರವ ಅದೇ ಹೊಲದಲ್ಲಿ ಕಳೆ ಕಿತ್ತು, ಅದೇ ಸಾಲಕ್ಕೆ ಕಿವಿಯ ಬೆಂಡೋಲೆ ಬಿಚ್ಚಿಕೊಟ್ಟು, ಕೊನೆಗೆ ಅದೇ ಸಾಲದ ಜಗಳದಲ್ಲಿ ಸತ್ತ ಹೆಂಗಸಿಗೆ ಯಾಕಿಲ್ಲ ಎಂಬುದೊಂದೇ ನನ್ನ ಪ್ರಶ್ನೆ.

ನಮ್ಮ ಕಡೆ ಹೆಣ್ಣುಮಗಳು ಸತ್ತರೆ ಕಾರಣ ಮೊದಲೇ ತಯಾರಾಗಿರುತ್ತದೆ. ಹೊಟ್ಟೆನೋವು ತಾಳಲಾರದೆ. ಕಾಲು ಜಾರಿ ಬಾವಿಗೆ ಬಿದ್ದು. ಸ್ಟೋ ಸಿಡಿದು. ಈಗ ಗ್ಯಾಸ್ ಬಂದಿದೆ, ಸ್ಟೋ ಹೋಯಿತು, ಹೊಟ್ಟೆನೋವು ಮಾತ್ರ ಹಾಗೇ ಉಳಿದಿದೆ. 1990ರ ದಶಕದಲ್ಲಿ ಬೆಂಗಳೂರಿನ ವಿಮೋಚನಾ ಸಂಘಟನೆಯ ಹೆಣ್ಣುಮಕ್ಕಳು ಆಸ್ಪತ್ರೆಯ ಸುಟ್ಟಗಾಯದ ವಾರ್ಡಿನಲ್ಲಿ ಕೂತು, ಪೊಲೀಸ್ ಕಾಗದಗಳನ್ನು ತಿರುವಿ, ‘ಆಕಸ್ಮಿಕ’ ಎಂದು ಮುಚ್ಚಿದ ಸಾವುಗಳ ಹಿಂದೆ ಏನಿತ್ತು ಎಂದು ಕೇಳತೊಡಗಿದರು. ಪಟ್ಟಣದಲ್ಲಿ ಕೇಳುವವರಾದರೂ ಇದ್ದರು. ನಮ್ಮ ಹಳ್ಳಿಗಳಲ್ಲಿ ಹೊತ್ತು ಮುಳುಗುವುದರೊಳಗೆ ಮಣ್ಣು ಮಾಡಿ ಕೈ ತೊಳೆದುಕೊಂಡರೆ ಮುಗಿಯಿತು.

ನಿಜ ಎಲ್ಲಿಯೂ ಬರುವುದೇ ಇಲ್ಲ ಎಂದಲ್ಲ. ಸತ್ತ ಮನೆಯಲ್ಲಿ ನಮ್ಮ ಹೆಂಗಸರು ಹಾಡಿಕೊಂಡು ಅಳುತ್ತಾರಲ್ಲ, ಅಲ್ಲಿ ಬರುತ್ತದೆ. ಆಕೆ ಎಷ್ಟು ಹೊಲ ಹರಗಿದಳು, ಎಷ್ಟು ಹಡೆದಳು, ಎಷ್ಟು ಉಳಿದವು, ಅತ್ತೆ ಏನಂದಳು, ತವರಿಗೆ ಬಂದಾಗ ಬೆನ್ನ ಮೇಲೆ ಏನಿತ್ತು, ಎಲ್ಲವೂ ಆ ಅಳುವಿನಲ್ಲಿರುತ್ತದೆ. ಗಂಡಸರು ಹೊರಗಿನಿಂದ “ಸಾಕು ಮಾಡ್ರವಾ” ಎಂದು ಗದರುವುದು ಸುಮ್ಮನೆ ಅಲ್ಲ. ಒಂದು ತಾಸಿನಲ್ಲಿ ಅವಳ ಇಡೀ ಚರಿತ್ರೆ ಹೇಳಿಯಾಗಿರುತ್ತದೆ. ಹೆಣ ಎತ್ತುತ್ತಾರೆ, ಚರಿತ್ರೆಯೂ ಅದರ ಜೊತೆ ಹೋಗುತ್ತದೆ.

ಆಮೇಲೆ ನೆನಪಿಡುವವಳು ಯಾರು ಗೊತ್ತೇ? ಎರಡನೆಯ ಹೆಂಡತಿ! ಕೆಲವು ಮನೆಗಳಲ್ಲಿ ಸತ್ತ ಮೊದಲ ಹೆಂಡತಿಯ ಹೆಸರಿನಲ್ಲಿ ಒಂದು ಬಂಗಾರದ ಗುಂಡೋ ತಾಳಿಯೋ ಮಾಡಿಸಿ ಎರಡನೆಯವಳ ಕೊರಳಿಗೆ ಕಟ್ಟುತ್ತಾರೆ. ಸತ್ತವಳು ಬಂದು ಕಾಡಬಾರದು ಎಂದು. ಹಬ್ಬದಲ್ಲಿ ಅವಳಿಗೊಂದು ಸೀರೆ ಏರಿಸುತ್ತಾರೆ. ಬದುಕಿದ್ದಾಗ ಯಾರೂ ಹೆದರಲಿಲ್ಲ, ಸತ್ತ ಮೇಲೆ ಎಲ್ಲರಿಗೂ ಹೆದರಿಕೆ. ಆ ಹೆದರಿಕೆಯ ಹೊರೆಯನ್ನೂ ಇನ್ನೊಬ್ಬ ಹೆಣ್ಣುಮಗಳೇ ಕೊರಳಲ್ಲಿ ಹೊರಬೇಕು.

ಇನ್ನು ನನ್ನದೇ ಒಂದು ತಪ್ಪನ್ನು ನಿಮ್ಮ ಮುಂದೆ ಹೇಳಬೇಕು. ನನ್ನ ಒಬ್ಬ ವಿದ್ಯಾರ್ಥಿನಿ, ಹೆಸರು ಹೇಳುವುದಿಲ್ಲ, ಅವಳ ಮಗ ಇದ್ದಾನೆ. ಬಿ.ಎ. ಎರಡನೆಯ ವರ್ಷದಲ್ಲಿ ಮದುವೆಯಾಯಿತು. ಎಂಟು ಎಕರೆ ಎರೆಹೊಲದ ಮನೆ ಎಂದು ಕೊಟ್ಟರು. ಮೂರು ತೊಲೆ ಬಂಗಾರ, ಮೇಲೆ ರೊಕ್ಕ. ಮಳೆ ಹೋಯಿತು, ಬೋರು ಹಾಕಿಸಲು ರೊಕ್ಕ ತಾ ಎಂದು ಕಳಿಸಿದರು. ಅಪ್ಪ ಎರಡು ಎಕರೆ ಮಾರಿ ಕೊಟ್ಟ. ಬೋರಿಗೆ ನೀರು ಬೀಳಲಿಲ್ಲ. ಇನ್ನೊಂದು ಬೋರಿಗೆ ಮತ್ತೆ ಕಳಿಸಿದರು. ಇದು ವರದಕ್ಷಿಣೆ ಅಲ್ಲ, ಒಕ್ಕಲುತನದ ಕಷ್ಟ ಎಂದು ಎರಡೂ ಕಡೆಯ ಹಿರಿಯರು ಹೇಳಿದರು. ಬರ ಬಿದ್ದಾಗ ಬ್ಯಾಂಕಿಗೆ ಹೋಗುವ ಬದಲು ಸೊಸೆಯನ್ನು ತವರಿಗೆ ಅಟ್ಟುವುದು ಯಾವ ಒಕ್ಕಲುತನ?

ಒಂದು ದಿನ ಅವಳು ಬಾವಿಯಲ್ಲಿ ಸಿಕ್ಕಳು. ಕಾಲು ಜಾರಿದೆ ಎಂದರು. “ನಮ್ಮ ಹುಡಿಗಿ ಬಾವ್ಯಾಗ ಈಜು ಕಲತಾಕಿರಿ” ಎಂದು ಅಪ್ಪ ಅತ್ತ. ಠಾಣೆಯಲ್ಲಿ ಮದುವೆ ಯಾವಾಗ ಆಯಿತು ಎಂದು ಕೇಳಿದರು. ಲಗ್ನಪತ್ರಿಕೆ ಮಾಳಿಗೆ ಸೋರಿ ಹಾಳಾಗಿತ್ತು. “ಉಳ್ಳಾಗಡ್ಡಿ ಕೀಳೂ ಹೊತ್ತಿನ್ಯಾಗರಿ, ಆ ವರ್ಷ ರೇಟು ಬಿದ್ದಿತ್ತು” ಎಂದ. ಒಬ್ಬರು ಆರು ವರ್ಷ ಎಂದರು, ಗಂಡನ ಕಡೆಯವರು ಎಂಟು ಎಂದರು. ಆ ಗೊಂದಲದಲ್ಲೇ ಹಿರಿಯರು ಕೂತು ರಾಜಿ ಮಾಡಿಸಿದರು. ಅಪ್ಪ ಹೆಬ್ಬೆಟ್ಟು ಒತ್ತಿದ.

ಮೂರು ವರ್ಷದ ಮೇಲೆ ನಾನು ನಿವೃತ್ತಳಾದೆ. ನನ್ನ ಕಪಾಟು ಖಾಲಿ ಮಾಡುವಾಗ ಹಳೆಯ ಕಾಗದಗಳ ನಡುವೆ ಅವಳ ರಜೆ ಅರ್ಜಿ ಸಿಕ್ಕಿತು. ಇಂಥ ತಾರೀಖಿಗೆ ನನ್ನ ಮದುವೆ ಇರುವುದರಿಂದ ಎಂಟು ದಿನ ರಜೆ ಕೊಡಬೇಕು ಎಂದು ದುಂಡಗಿನ ಅಕ್ಷರದಲ್ಲಿ ಬರೆದಿದ್ದಾಳೆ. ಲೆಕ್ಕ ಹಾಕಿದೆ. ಆರು ವರ್ಷ ಎಂಟು ತಿಂಗಳು. ಆ ಕಾಗದ ಅಷ್ಟೂ ದಿನ ನನ್ನ ಹತ್ತಿರವೇ ಇತ್ತು. ಅಪ್ಪನ ಹತ್ತಿರ ತೆಗೆದುಕೊಂಡು ಹೋದೆ. “ಈಗ ಬ್ಯಾಡ್ರಿ ಮೇಡಮ್ಮೋರ, ಮೊಮ್ಮಗ ಅವರ ಮನ್ಯಾಗ ಅದಾನ” ಎಂದ. ಚಹಾ ಕುಡಿಸಿ ಕಳಿಸಿದ.

ಆ ತಾರೀಖು ಯಾಕೆ ಅಷ್ಟು ಮುಖ್ಯ ಎಂದರೆ, 1986ರಲ್ಲಿ ದಂಡಸಂಹಿತೆಗೆ 304-ಬಿ ಕಲಂ ಸೇರಿಸಿದರು. 2024ರ ಜುಲೈ 1ರಿಂದ ಹೊಸ ಭಾರತೀಯ ನ್ಯಾಯ ಸಂಹಿತೆಯಲ್ಲಿ ಅದು 80ನೇ ಕಲಂ ಆಗಿದೆ. ಮದುವೆಯಾದ ಏಳು ವರ್ಷದೊಳಗೆ ಹೆಣ್ಣುಮಗಳು ಸುಟ್ಟೋ, ಗಾಯದಿಂದಲೋ, ಅಸಹಜವಾಗಿಯೋ ಸತ್ತು, ಸಾವಿಗೆ ಸ್ವಲ್ಪ ಮೊದಲು ವರದಕ್ಷಿಣೆಗಾಗಿ ಹಿಂಸೆ ನಡೆದಿತ್ತು ಎಂದು ತೋರಿಸಿದರೆ, ಅದನ್ನು ವರದಕ್ಷಿಣೆ ಸಾವು ಎಂದೇ ನ್ಯಾಯಾಲಯ ಭಾವಿಸುತ್ತದೆ. ಹಾಗಲ್ಲ ಎಂದು ತೋರಿಸುವ ಹೊಣೆ ಗಂಡನ ಕಡೆಯವರದು. ಶಿಕ್ಷೆ ಏಳು ವರ್ಷಕ್ಕೆ ಕಡಿಮೆ ಇಲ್ಲ. ಏಳು ವರ್ಷ ದಾಟಿದರೆ ಕೇಸೇ ಇಲ್ಲ ಎಂದು ಊರಲ್ಲಿ ಹೇಳುತ್ತಾರೆ, ನಂಬಬೇಡಿ. 1983ರ 498-ಎ, ಅಂದರೆ ಈಗಿನ 85ನೇ ಕಲಮಿಗೆ ಆ ಏಳು ವರ್ಷದ ಗಡಿ ಇಲ್ಲ. ಏಳು ವರ್ಷದೊಳಗಿನ ಇಂಥ ಸಾವಿಗೆ ಶವಪರೀಕ್ಷೆ ಆಗಲೇಬೇಕು, ತಹಶೀಲ್ದಾರರು ಪಂಚನಾಮೆಗೆ ಬರಬೇಕು. ಕುಕನೂರು ತಾಲ್ಲೂಕಾದ ಮೇಲೆ ಅದಕ್ಕಾಗಿ ಯಲಬುರ್ಗಾಕ್ಕೆ ಓಡಬೇಕಾಗಿಲ್ಲ. ಮಣ್ಣು ಮಾಡಿದ ದೇಹವನ್ನು ಮ್ಯಾಜಿಸ್ಟ್ರೇಟರ ಆದೇಶದ ಮೇಲೆ ಹೊರತೆಗೆಸಬಹುದು. ಸುಟ್ಟ ಮೇಲೆ ಏನೂ ಇಲ್ಲ.

ಇದಕ್ಕೆಲ್ಲ ಬೇಕಾಗಿರುವುದು ತಾರೀಖು, ಸಾಕ್ಷಿ, ಬರಹ. ಸರ್ಕಾರದ ಬರಹದಲ್ಲಿ ನಾವು ಎಲ್ಲಿದ್ದೇವೆ ನೋಡಿ. 2021ರ ಒಂದೇ ವರ್ಷದಲ್ಲಿ ದೇಶದಲ್ಲಿ ಆತ್ಮಹತ್ಯೆ ಎಂದು ದಾಖಲಾದ ಹೆಣ್ಣುಮಕ್ಕಳ ಸಾವು 45,026. ಅದರಲ್ಲಿ 23 ಸಾವಿರಕ್ಕೂ ಹೆಚ್ಚು ಜನರನ್ನು ‘ಗೃಹಿಣಿ’ ಎಂದು ಬರೆದಿದ್ದಾರೆ. ರೈತರು ಎಂದು ಬರೆದ 5,318 ಜನರಲ್ಲಿ ಹೆಂಗಸರು 211 ಮಾತ್ರ. ಇಡೀ ದೇಶದಲ್ಲಿ! ಬಿತ್ತುವವರು, ಕಳೆ ತೆಗೆಯುವವರು, ಕೊಯ್ಯುವವರು ಯಾರು ಎಂದು ನಿಮಗೆ ನಾನು ಹೇಳಬೇಕೇ? ಪಹಣಿಯಲ್ಲಿ ಹೆಸರಿಲ್ಲದವಳು ಸತ್ತಾಗಲೂ ರೈತಳಾಗುವುದಿಲ್ಲ. ಸಾಲದಿಂದ ಸತ್ತ ರೈತನ ಮನೆಗೆ ರಾಜ್ಯ ಸರ್ಕಾರ 2015ರಲ್ಲಿ ಪರಿಹಾರವನ್ನು 5 ಲಕ್ಷ ರೂಪಾಯಿಗೆ ಏರಿಸಿತು. ಅದು ಬರುವುದು ರೈತನೆಂದು ಲೆಕ್ಕಕ್ಕೆ ಸಿಕ್ಕವನಿಗೆ. ಮಗಳಿಗೂ ಪಿತ್ರಾರ್ಜಿತ ಹೊಲದಲ್ಲಿ ಸಮಪಾಲು ಎಂದು ಕರ್ನಾಟಕ 1994ರಲ್ಲಿ, ದೇಶ 2005ರಲ್ಲಿ ಕಾನೂನು ಮಾಡಿದ್ದರೂ ವರದಕ್ಷಿಣೆ ಕೊಟ್ಟಾಯಿತಲ್ಲ ಎಂದು ಅಣ್ಣಂದಿರು ಹಕ್ಕುಬಿಡುವ ಪತ್ರಕ್ಕೆ ಸಹಿ ಹಾಕಿಸಿಕೊಳ್ಳುತ್ತಾರೆ.

ಸರ್ಕಾರವನ್ನು ಬೈದೆವು. ಈಗ ನಮ್ಮ ಸಂಘದ ಪುಸ್ತಕ ನೋಡೋಣ. ಒಂದು ಊರಲ್ಲಿ ನಾನು ನಡಾವಳಿ ಪುಸ್ತಕ ತೆಗೆಸಿ ಓದಿದೆ. ಸದಸ್ಯೆಯೊಬ್ಬಳು ತೀರಿಕೊಂಡಿದ್ದಳು. ಬರೆದಿದ್ದು ಇಷ್ಟು: ಉಳಿತಾಯ ಇಷ್ಟು, ಸಾಲ ಬಾಕಿ ಇಷ್ಟು, ಕಳೆದು ಉಳಿದ ಹಣವನ್ನು ವಾರಸುದಾರ ಗಂಡನಿಗೆ ಕೊಟ್ಟು ಸಹಿ ಪಡೆಯಲಾಗಿದೆ. ಆ ಗಂಡ ಆಕೆಯನ್ನು ಹೊಡೆಯುತ್ತಿದ್ದುದು ಅಲ್ಲಿ ಕೂತ ಹದಿನೈದು ಜನರಿಗೂ ಗೊತ್ತಿತ್ತು. ವಾರಕ್ಕೊಮ್ಮೆ ಮುಖ ಊದಿಸಿಕೊಂಡು ಬಂದು ಹತ್ತು ರೂಪಾಯಿ ಕಟ್ಟಿ ಹೋಗುತ್ತಿದ್ದಳಂತೆ. ಕಟ್ಟಿದ ಹತ್ತು ರೂಪಾಯಿಗೆ ಲೆಕ್ಕ ಇದೆ, ಊದಿದ ಮುಖಕ್ಕೆ ಇಲ್ಲ. ಬೇಸರ ಆಗಬಹುದು ನಿಮಗೆ. ನನ್ನ ಕಪಾಟಿನ ಅರ್ಜಿಯೂ ನಿಮ್ಮ ಪುಸ್ತಕವೂ ಒಂದೇ ಎಂದು ಹೇಳಿದೆ ಅಷ್ಟೆ.

ಹಾಗಾಗಿ ಪ್ರತಿ ಸಂಘ ಇನ್ನೊಂದು ಪುಸ್ತಕ ಇಡಲಿ ಎಂದು ಕೇಳುತ್ತೇನೆ. ಇಪ್ಪತ್ತು ಹಾಳೆಯದಾದರೂ ಸಾಕು. ಊರಿಗೆ ಬಂದ ಸೊಸೆ, ಊರಿಂದ ಹೋದ ಮಗಳು, ಮದುವೆಯ ತಾರೀಖು. ಲಗ್ನಪತ್ರಿಕೆ ಇದ್ದರೆ ಅಂಟಿಸಿ. ಕೊಟ್ಟದ್ದು ಏನು, ಆಮೇಲೆ ಕೇಳಿದ್ದು ಏನು. ಯಾರಾದರೂ ಹೊಡೆಸಿಕೊಂಡು ಬಂದರೆ, ಅವಳು ಒಪ್ಪಿದರೆ, ಅಂದಿನ ತಾರೀಖು ಹಾಕಿ ಅವಳ ಮಾತಿನಲ್ಲೇ ಬರೆದು ಇಬ್ಬರು ಸಹಿ ಮಾಡಿ. ಬರೆದು ಸುಮ್ಮನೆ ಕೂರಬೇಡಿ. 2005ರ ಕೌಟುಂಬಿಕ ಹಿಂಸೆ ಕಾಯ್ದೆಯ ಪ್ರಕಾರ ಸಿ.ಡಿ.ಪಿ.ಓ. ಅವರೇ ಸಂರಕ್ಷಣಾಧಿಕಾರಿ, ಅವರ ಬಳಿ ಕರೆದುಕೊಂಡು ಹೋಗಿ. 181ಕ್ಕೆ ಫೋನು ಮಾಡಿ. ಪುಸ್ತಕ ಗಂಡಸರ ಕೈಗೆ ಸಿಗದ ಮನೆಯಲ್ಲಿರಲಿ. ಸಂಘದ ಉಳಿತಾಯಕ್ಕೆ ನಾಮಿನಿ ಯಾರು ಎಂದು ಪ್ರತಿಯೊಬ್ಬಳನ್ನೂ ಗುಟ್ಟಾಗಿ ಮತ್ತೊಮ್ಮೆ ಕೇಳಿ. ಅವ್ವನ ಹೆಸರೋ ಮಗಳ ಹೆಸರೋ ಹಾಕಿಸುವ ಆಸೆ ಇದ್ದೀತು.

ಹೊಡೆತದ ಸಾವನ್ನಷ್ಟೇ ಬರೆಯಬೇಡಿ. ಹಾಗೆ ಮಾಡಿದರೆ ಆ ಪುಸ್ತಕ ಪೊಲೀಸ್ ಠಾಣೆಯ ಪುಸ್ತಕವಾಗುತ್ತದೆ, ಯಾರೂ ಮುಟ್ಟುವುದಿಲ್ಲ. ವಯಸ್ಸಾಗಿ ತೀರಿಕೊಂಡವರದನ್ನೂ ಬರೆಯಿರಿ. ಸತ್ತ ಮನೆಯಲ್ಲಿ ಹಾಡಿ ಅಳುವಾಗ ಓದು ಬಲ್ಲ ಒಬ್ಬ ಹುಡುಗಿ ಪಕ್ಕದಲ್ಲಿ ಕೂತು ಕೇಳಿಸಿಕೊಳ್ಳಲಿ, ದಿನಕರ್ಮ ಮುಗಿದ ಮೇಲೆ ಬರೆಯಲಿ.

ಮಾದರಿಗೆ ಎಂದು ನನ್ನ ಅವ್ವನದನ್ನು ಬರೆದುಕೊಂಡು ಬಂದಿದ್ದೇನೆ, ಓದುತ್ತೇನೆ. ಹದಿನಾಲ್ಕಕ್ಕೆ ಮದುವೆ. ಏಳು ಹೆತ್ತು ನಾಲ್ಕು ಉಳಿಸಿಕೊಂಡಳು. 1972ರ ಬರದಲ್ಲಿ ಕಾಮಗಾರಿಯ ಜಲ್ಲಿ ಒಡೆದಳು, ಎಡಗೈ ಹೆಬ್ಬೆರಳು ಕೊನೆಯವರೆಗೂ ಮಡಚುತ್ತಿರಲಿಲ್ಲ. ಬಿಳಿಜೋಳದ ಬೀಜವನ್ನು ಬೇವಿನ ಎಲೆ, ಬೂದಿ ಹಾಕಿ ಗಡಿಗೆಯಲ್ಲಿ ಇಡುತ್ತಿದ್ದಳು, ಓಣಿಯವರು ಬೀಜಕ್ಕೆ ನಮ್ಮ ಮನೆಗೆ ಬರುತ್ತಿದ್ದರು. ಎಳ್ಳಮಾಸಿಗೆ ಚರಗ ಚೆಲ್ಲಲು ಮುಂದೆ ಹೋಗುವವಳು ಆಕೆಯೇ, ಹೊಲ ಮಾತ್ರ ಅಪ್ಪನ ಹೆಸರಿಗೆ, ಆಮೇಲೆ ಅಣ್ಣನ ಹೆಸರಿಗೆ. ಎರಡು ಸಲ ತವರಿಗೆ ಓಡಿಬಂದಿದ್ದಳು. ಯಾಕೆ ಎಂದು ನಾನು ಕೇಳಲಿಲ್ಲ. ಮಗಳು ಕಾಲೇಜಿಗೆ ಹೋಗಲಿ ಎಂದು ಎಮ್ಮೆ ಮಾರಿದಳು.

ಇಷ್ಟು ಬರೆಯಲು ನನಗೆ ಎರಡು ದಿನ ಹಿಡಿಯಿತು. ಪುಸ್ತಕಗಳನ್ನು ತಂದಿದ್ದೇನೆ, ಆ ಮೂಲೆಯಲ್ಲಿವೆ. ಊರಿಗೊಂದರಂತೆ ತೆಗೆದುಕೊಳ್ಳಿ. ಬರೆಯಲು ಬಾರದವರು ಇವತ್ತೇ ನನ್ನ ಹತ್ತಿರ ಕೂತು ಹೇಳಿ, ನಾನು ಬರೆದುಕೊಳ್ಳುತ್ತೇನೆ. ಬಸ್ಸಿಗೆ ಇನ್ನೂ ಹೊತ್ತಿದೆ.