ಅರ್ಥವಾಗದ ಆದೇಶ



ನಾಟಕವೆಂದೊಡನೆ ಹುಬ್ಬು ಗಂಟಿಕ್ಕುವ ಹಿರಿಯರು ಈ ಸಭೆಯಲ್ಲಿದ್ದಾರೆ. ಅವರ ಕ್ಷಮೆ ಕೋರಿಯೇ ನಾವಿಂದು ಒಂದು ಅಸಂಗತ ನಾಟಕದ ಕುರಿತು ಮಾತನಾಡಬಯಸುತ್ತೇವೆ.

ಕಮ್ಯುನಿಸ್ಟ್ ಆಡಳಿತದ ಝೆಕೊಸ್ಲೊವಾಕಿಯಾದಲ್ಲಿ ವಾಕ್ಲಾವ್ ಹಾವೆಲ್ ಬರೆದ 'ಮೆಮೊರಾಂಡಮ್' 1965ರಲ್ಲಿ ಪ್ರಾಗ್ ನಗರದಲ್ಲಿ ರಂಗವೇರಿತು. 1968ರ ಸೋವಿಯತ್ ಆಕ್ರಮಣದ ಬಳಿಕ ಅವರ ನಾಟಕಗಳಿಗೆ ನಿಷೇಧ ಬಿತ್ತು. 1979ರಿಂದ 1983ರವರೆಗೆ ಅವರು ಸೆರೆಯಲ್ಲಿದ್ದರು. 1989ರ ಡಿಸೆಂಬರ್‌ನಲ್ಲಿ ಅದೇ ದೇಶದ ಅಧ್ಯಕ್ಷರಾದರು. (ಇದೇ ಹಾವೆಲ್ 2003ರಲ್ಲಿ ಇರಾಕ್ ವಿಷಯದಲ್ಲಿ ಅಮೆರಿಕದ ಬೆನ್ನಿಗೆ ನಿಂತ ಯುರೋಪಿನ ಎಂಟು ನಾಯಕರ ಪತ್ರಕ್ಕೆ ಸಹಿ ಹಾಕಿದರು. ಆ ಸಹಿಯನ್ನು ನಾವು ಒಪ್ಪಲಾರೆವು.)

ನಾಟಕದಲ್ಲಿ ಕಚೇರಿಯೊಂದರ ನಿರ್ದೇಶಕ ಗ್ರಾಸ್‌ಗೆ ಅರ್ಥವಾಗದ ಭಾಷೆಯಲ್ಲಿ ಒಂದು ಪತ್ರ ಬರುತ್ತದೆ. 'ಪ್ಟಿಡೆಪೆ' ಎಂಬ ಆ ಕೃತಕ ಭಾಷೆಯನ್ನು ಅವನಿಗೆ ತಿಳಿಸದೆಯೇ ಉಪನಿರ್ದೇಶಕ ಬಲ್ಲಾಸ್ ಜಾರಿಗೊಳಿಸಿದ್ದಾನೆ. ಪದಪದಗಳ ನಡುವೆ ಗೊಂದಲವಾಗದಂತೆ ಅಕ್ಷರಗಳಲ್ಲಿ ಶೇ. 60ರಷ್ಟು ವ್ಯತ್ಯಾಸವಿರಬೇಕೆಂಬುದು ಅದರ 'ವೈಜ್ಞಾನಿಕ' ನಿಯಮ. ಹೀಗಾಗಿ ವೊಂಬ್ಯಾಟ್ ಎಂಬ ಪ್ರಾಣಿಯ ಹೆಸರಿಗೆ 319 ಅಕ್ಷರಗಳು! ಪತ್ರದ ಅನುವಾದಕ್ಕೆ ಅನುಮತಿ ಬೇಕು. ಅನುಮತಿ ಸಿಗಬೇಕಾದರೆ ಪತ್ರದಲ್ಲೇನಿದೆಯೆಂದು ಮೊದಲೇ ಗೊತ್ತಿರಬೇಕು. ಈ ಸುಳಿಯಲ್ಲಿ ಗ್ರಾಸ್ ತನ್ನ ಕುರ್ಚಿಯನ್ನೇ ಕಳೆದುಕೊಳ್ಳುತ್ತಾನೆ.

ಕೊನೆಗೆ ಮಾರಿಯಾ ಎಂಬ ಸಾಮಾನ್ಯ ಗುಮಾಸ್ತೆ, ಅನುಮತಿಯಿಲ್ಲದೆ, ಅದನ್ನು ಓದಿ ಹೇಳುತ್ತಾಳೆ. ಆ ಭಾಷೆಯನ್ನು ತೊಲಗಿಸಬೇಕೆಂದು ಆ ಭಾಷೆಯಲ್ಲೇ ಬರೆದ ಆದೇಶವದು! ಗ್ರಾಸ್‌ಗೆ ಅಧಿಕಾರ ಮರಳುತ್ತದೆ. ಬಲ್ಲಾಸ್ ಹೊಸತೊಂದು ಕೃತಕ ಭಾಷೆಯೊಂದಿಗೆ ಅಲ್ಲಿಯೇ ಉಳಿಯುತ್ತಾನೆ. ಕೆಲಸ ಹೋಗುವುದು ಮಾರಿಯಾಳಿಗೆ ಮಾತ್ರ.

ನಾವು ಈ ನಾಟಕವನ್ನು ಮೊದಲು ಓದಿದಾಗ ಸರ್ವಾಧಿಕಾರವನ್ನು ಕಂಡು ನಕ್ಕೆವು. ಮತ್ತೆ ಓದಿದಾಗ ನಗು ಬರಲಿಲ್ಲ. ನ್ಯಾಯ ಕೇಳಿ ಜಮಾಅತ್‌ನ ಮುಂದೆ ಬಂದ ಎಷ್ಟು ಹೆಣ್ಣುಮಕ್ಕಳಿಗೆ ನಾವು ಇಸ್ಲಾಮ್ ಸ್ತ್ರೀಗೆ ನೀಡಿದ ಹಕ್ಕುಗಳ ಬಗ್ಗೆ ಮನಮುಟ್ಟುವಂತೆ ವಿವರಿಸಿ, ಬರಿಗೈಯಲ್ಲಿ ಕಳುಹಿಸಿಲ್ಲ? ಅಕ್ರಮಿ ಆಡಳಿತಗಾರನೆದುರು ಸತ್ಯ ನುಡಿಯುವುದರ ಶ್ರೇಷ್ಠತೆಯನ್ನು ಮಿಂಬರ್‌ನಿಂದ ಸಾರುತ್ತೇವೆ. ನಮ್ಮದೇ ಸಮಿತಿಯ ಅಧ್ಯಕ್ಷರೆದುರು ನಾಲಗೆ ಏಳುವುದಿಲ್ಲ. ನಾವೂ ಆ ಸಭೆಗಳಲ್ಲಿ ಮೌನವಾಗಿ ಕುಳಿತವರೇ.

ತನ್ನನ್ನು ಉಳಿಸುವಂತೆ ಮಾರಿಯಾ ಗ್ರಾಸ್‌ನನ್ನು ಕೇಳಿಕೊಳ್ಳುತ್ತಾಳೆ. ಅವನು ಆಧುನಿಕ ಮನುಷ್ಯನ ಒಂಟಿತನದ ಬಗ್ಗೆ, ಮಾನವೀಯತೆಯ ಬಗ್ಗೆ ಉದ್ದನೆಯ ಸುಂದರ ಭಾಷಣ ಮಾಡುತ್ತಾನೆ. ಬಳಿಕ ಸಹೋದ್ಯೋಗಿಗಳೊಂದಿಗೆ ಊಟಕ್ಕೆ ಹೊರಡುತ್ತಾನೆ. ತನ್ನೊಡನೆ ಇಷ್ಟು ಚೆನ್ನಾಗಿ ಯಾರೂ ಮಾತನಾಡಿದ್ದಿಲ್ಲವೆಂದು ಆ ಹುಡುಗಿ ಕೃತಜ್ಞಳಾಗುತ್ತಾಳೆ.