ಗ್ರ್ಯಾಂಡ್‌ಮಾಸ್ಟರ್ ಪದವಿಯೂ ಮುಂಬಯಿಯ ಚೆಸ್ಸೂ



ಭಾರತದ ಮೊದಲ ಚೆಸ್ ಗ್ರ್ಯಾಂಡ್‌ಮಾಸ್ಟರ್ ಚೆನ್ನೈನ ವಿಶ್ವನಾಥನ್ ಆನಂದ್, 1988ರಲ್ಲಿ. ಎರಡನೆಯವರು ಕೋಲ್ಕತ್ತದ ದಿಬ್ಯೇಂದು ಬರುವಾ, 1991ರಲ್ಲಿ. ಮೂರನೆಯವರು ನಮ್ಮ ಮುಂಬಯಿಯ ಪ್ರವೀಣ್ ಠಿಪ್ಸೆ, 1997ರಲ್ಲಿ. ನನ್ನ ಇಂದಿನ ಮಾತು ಈ ಮೂರನೆಯ ಇಸವಿಯ ಸುತ್ತಲೇ ಇದೆ. 1959ರಲ್ಲಿ ಹುಟ್ಟಿದ ಠಿಪ್ಸೆ 1982ರಲ್ಲೇ ರಾಷ್ಟ್ರೀಯ ಚಾಂಪಿಯನ್ ಆಗಿದ್ದರು. 1984ರಲ್ಲಿ ಅರ್ಜುನ ಪ್ರಶಸ್ತಿ ಬಂತು. 1985ರ ಕಾಮನ್‌ವೆಲ್ತ್ ಚಾಂಪಿಯನ್‌ಷಿಪ್‌ನಲ್ಲಿ ಕೆನಡಾದ ಕೆವಿನ್ ಸ್ಪ್ರ್ಯಾಗೆಟ್ ಜೊತೆ ಮೊದಲ ಸ್ಥಾನ ಹಂಚಿಕೊಂಡರು. ಅಷ್ಟು ಬಲವಿದ್ದ ಆಟಗಾರನಿಗೆ ಪದವಿ ಸಿಗಲು ಇನ್ನೂ ಹನ್ನೆರಡು ವರ್ಷ ಏಕೆ ಹಿಡಿಯಿತು? ಪ್ರತಿಭೆ ಸಾಲದಾಯಿತು ಎನ್ನುವವರಿದ್ದಾರೆ. ನಾನು ಒಪ್ಪುವುದಿಲ್ಲ. ಗ್ರ್ಯಾಂಡ್‌ಮಾಸ್ಟರ್ ಪದವಿ ಆಟಗಾರನ ಬುದ್ಧಿಯನ್ನು ಅಳೆಯುತ್ತದೆ ನಿಜ. ಆ ಬುದ್ಧಿಯನ್ನು ತೋರಿಸಲು ಅವನ ಊರು ಎಷ್ಟು ಅವಕಾಶ ಮಾಡಿಕೊಟ್ಟಿತು ಎಂಬುದನ್ನೂ ಅಷ್ಟೇ ಅಳೆಯುತ್ತದೆ. ಸಾಧಕರ ಪಟ್ಟಿ ಓದುವಾಗ ಈ ಎರಡನೆಯ ಅಳತೆಯನ್ನು ನಾವು ಮರೆಯುತ್ತೇವೆ.

ಇದನ್ನು ಒಪ್ಪಿಸಲು ಪದವಿಯ ಲೆಕ್ಕವನ್ನು ಸ್ವಲ್ಪ ಹತ್ತಿರದಿಂದ ನೋಡಬೇಕು. ವಿಶ್ವ ಚೆಸ್ ಸಂಸ್ಥೆ ಫಿಡೆ 1950ರಲ್ಲಿ 27 ಮಂದಿಗೆ ಮೊದಲ ಬಾರಿ ಈ ಪದವಿ ಕೊಟ್ಟಿತು. ಈಗಿನ ನಿಯಮದಂತೆ ಆಟಗಾರನ ಬಲ ಅಳೆಯುವ ರೇಟಿಂಗ್ ಒಮ್ಮೆಯಾದರೂ 2500 ಮುಟ್ಟಬೇಕು. ಅದರ ಜೊತೆಗೆ ಮೂರು ನಾರ್ಮ್‌ಗಳು ಬೇಕು, ಒಟ್ಟು 27 ಆಟಗಳಷ್ಟಾದರೂ. ಒಂದು ನಾರ್ಮ್ ಎಂದರೆ ಸಾಮಾನ್ಯವಾಗಿ ಒಂಬತ್ತು ಸುತ್ತಿನ ಒಂದು ಟೂರ್ನಿಯಲ್ಲಿ 2600 ಮಟ್ಟದ ಆಟ ಆಡಿ ತೋರಿಸುವುದು. ಎದುರಾಳಿಗಳ ಸರಾಸರಿ ರೇಟಿಂಗ್ 2380ಕ್ಕಿಂತ ಕಡಿಮೆಯಿರಬಾರದು. ಸರಾಸರಿ ಸರಿಯಾಗಿ 2380 ಇದ್ದರೆ ಒಂಬತ್ತಕ್ಕೆ ಏಳು ಅಂಕ ಬೇಕು. ಆರೂವರೆ ಬಂದರೆ ನಾರ್ಮ್ ಇಲ್ಲ. ಕೊನೆಯ ಸುತ್ತಿನಲ್ಲಿ ಗೆಲ್ಲಲೇಬೇಕಾದವನು ಡ್ರಾ ಮಾಡಿಕೊಂಡರೆ ಹತ್ತು ದಿನದ ದುಡಿಮೆ ನಾರ್ಮ್‌ನ ಲೆಕ್ಕಕ್ಕೆ ಸೇರುವುದಿಲ್ಲ. ಇಲ್ಲಿಯವರೆಗೆ ಹೆಚ್ಚಿನದು ಆಟಗಾರನ ಕೈಯಲ್ಲಿದೆ. ಮುಂದಿನದು ಅವನ ಕೈಯಲ್ಲಿಲ್ಲ. ಒಂಬತ್ತು ಎದುರಾಳಿಗಳಲ್ಲಿ ಮೂವರಾದರೂ ಗ್ರ್ಯಾಂಡ್‌ಮಾಸ್ಟರ್‌ಗಳಾಗಿರಬೇಕು. ಸಾಮಾನ್ಯ ನಿಯಮದಂತೆ ಸ್ವದೇಶದವರು ಐದಕ್ಕಿಂತ ಹೆಚ್ಚಿರಬಾರದು. 1985ರ ಭಾರತದಲ್ಲಿ ಒಬ್ಬ ಗ್ರ್ಯಾಂಡ್‌ಮಾಸ್ಟರೂ ಇರಲಿಲ್ಲ. ಆಗಿನ ನಿಯಮದ ವಿವರ ಬೇರೆಯಿದ್ದರೂ ತಿರುಳು ಇದೇ: ಒಂದೋ ಹೊರದೇಶದ ಬಲಿಷ್ಠರನ್ನು ಇಲ್ಲಿಗೆ ಕರೆಸಬೇಕು, ಇಲ್ಲವೇ ಆಟಗಾರ ಸ್ವಂತ ಖರ್ಚಿನಲ್ಲಿ ಯುರೋಪಿಗೆ ಹೋಗಬೇಕು. ಮತ್ತೆ ಮತ್ತೆ ಹೋಗಬೇಕು, ಒಂದು ಸಲಕ್ಕೆ ಮುಗಿಯುವ ಕೆಲಸವಲ್ಲ ಅದು.

ಆದರೆ ಆನಂದ್ ಇದೇ ದೇಶದಲ್ಲಿ, ಇದೇ ಕಾಲದಲ್ಲಿ ಹದಿನೆಂಟಕ್ಕೇ ಪದವಿ ಪಡೆಯಲಿಲ್ಲವೇ ಎಂದು ಕೇಳಬಹುದು. ನ್ಯಾಯವಾದ ಪ್ರಶ್ನೆ. ಆನಂದ್ ಅಸಾಮಾನ್ಯ ಪ್ರತಿಭೆ ಎಂಬುದರಲ್ಲಿ ಎರಡು ಮಾತಿಲ್ಲ. ಆದರೂ ಅವರ ಹಿಂದೆ ಒಂದು ಊರಿತ್ತು. ಗ್ರ್ಯಾಂಡ್‌ಮಾಸ್ಟರ್‌ಗಿಂತ ಒಂದು ಮೆಟ್ಟಿಲು ಕೆಳಗಿನ ಇಂಟರ್‌ನ್ಯಾಷನಲ್ ಮಾಸ್ಟರ್ ಪದವಿಯನ್ನು ದೇಶದಲ್ಲಿ ಮೊದಲು ಪಡೆದ ಮ್ಯಾನುಯೆಲ್ ಆರನ್ 1972ರಲ್ಲಿ ಚೆನ್ನೈನ ಸೋವಿಯತ್ ಸಾಂಸ್ಕೃತಿಕ ಕೇಂದ್ರದಲ್ಲಿ ಟಾಲ್ ಚೆಸ್ ಕ್ಲಬ್ ಕಟ್ಟಿದ್ದರು. ಬಾಲಕ ಆನಂದ್ ಅಲ್ಲಿ ಪಳಗಿದವರು. ಅವರ ಪದವಿ ಪೂರ್ತಿಯಾದದ್ದು ಕೊಯಮತ್ತೂರಿನಲ್ಲಿ ನಡೆದ ಅಂತರರಾಷ್ಟ್ರೀಯ ಟೂರ್ನಿಯಲ್ಲಿ, ಮನೆಯಿಂದ ಒಂದು ರಾತ್ರಿಯ ರೈಲು ಪ್ರಯಾಣದ ದೂರದಲ್ಲಿ. ನನ್ನ ವಾದಕ್ಕೆ ಅಡ್ಡ ಬರುತ್ತಾರೆ ಎನಿಸುವ ಆನಂದರೇ ಅದಕ್ಕೆ ದೊಡ್ಡ ಆಧಾರ. ಇಂದು ದೇಶದ ಗ್ರ್ಯಾಂಡ್‌ಮಾಸ್ಟರ್‌ಗಳಲ್ಲಿ ಮೂವತ್ತಕ್ಕೂ ಹೆಚ್ಚು ಮಂದಿ ತಮಿಳುನಾಡಿನವರಿರುವುದು ಅಲ್ಲಿನ ನೀರಿನ ಗುಣದಿಂದಲ್ಲ, ಇಂಥ ಅವಕಾಶಗಳಿಂದ. ಇನ್ನು ನಮ್ಮ ಕರ್ನಾಟಕ. ಅಲ್ಲಿನ ಮೊದಲ ಗ್ರ್ಯಾಂಡ್‌ಮಾಸ್ಟರ್ ಮೈಸೂರಿನ ಎಂ. ಎಸ್. ತೇಜ್‌ಕುಮಾರ್, ರೈಲ್ವೆ ನೌಕರಿಯಲ್ಲಿದ್ದುಕೊಂಡೇ ಆಡುತ್ತ 2017ರಲ್ಲಿ, ಮೂವತ್ತಾರರ ವಯಸ್ಸಿನಲ್ಲಿ ಪದವಿ ಮುಟ್ಟಿದರು. ಠಿಪ್ಸೆಯವರೂ ಹೆಚ್ಚುಕಡಿಮೆ ಅದೇ ವಯಸ್ಸಿನಲ್ಲಿ ಮುಟ್ಟಿದ್ದರು. ಎರಡು ರಾಜ್ಯ, ಇಪ್ಪತ್ತು ವರ್ಷದ ಅಂತರ, ಕಾದದ್ದು ಮಾತ್ರ ಒಂದೇ ರೀತಿ.

ಮುಂಬಯಿಯ ಖಾಡಿಲ್ಕರ್ ಸೋದರಿಯರ ಮಾತಿಲ್ಲದೆ ಈ ಉಪನ್ಯಾಸ ಪೂರ್ತಿಯಾಗದು. ಗಿರಗಾಂವ್‌ನ ಮರಾಠಿ ದೈನಿಕ ‘ನವಾಕಾಳ’ದ ಸಂಪಾದಕ ನೀಲಕಂಠ ಖಾಡಿಲ್ಕರ್ ಅವರ ಮೂವರು ಹೆಣ್ಣುಮಕ್ಕಳು ವಾಸಂತಿ, ಜಯಶ್ರೀ, ರೋಹಿಣಿ. 1974ರಲ್ಲಿ ಬೆಂಗಳೂರಿನಲ್ಲಿ ನಡೆದ ಮೊತ್ತಮೊದಲ ರಾಷ್ಟ್ರೀಯ ಮಹಿಳಾ ಚಾಂಪಿಯನ್‌ಷಿಪ್ ಗೆದ್ದವರು ವಾಸಂತಿ. ಅಲ್ಲಿಂದ ಹತ್ತು ವರ್ಷ ಆ ಪ್ರಶಸ್ತಿ ಈ ಮನೆ ಬಿಟ್ಟು ಹೊರಗೆ ಹೋಗಲಿಲ್ಲ. ಜಯಶ್ರೀ 1979ರಲ್ಲಿ ದೇಶದ ಮೊದಲ ಮಹಿಳಾ ಇಂಟರ್‌ನ್ಯಾಷನಲ್ ಮಾಸ್ಟರ್ ಆದರು. ರೋಹಿಣಿ 1981ರಲ್ಲಿ ಏಷ್ಯಾದ ಮಹಿಳಾ ಚಾಂಪಿಯನ್. ಹದಿಮೂರರ ಈ ಹುಡುಗಿ 1976ರಲ್ಲಿ ಪುರುಷರ ರಾಷ್ಟ್ರೀಯ ಸ್ಪರ್ಧೆಗೆ ಇಳಿದಾಗ ದೊಡ್ಡ ಗಲಾಟೆಯೇ ಎದ್ದಿತು. ವಿಷಯ ಹೈಕೋರ್ಟ್ ಮೆಟ್ಟಿಲೇರಿತು. ಕೊನೆಗೆ ಫಿಡೆ ಅಧ್ಯಕ್ಷ ಮ್ಯಾಕ್ಸ್ ಯೂವೆ, ಹೆಂಗಸರನ್ನು ಯಾವ ಚಾಂಪಿಯನ್‌ಷಿಪ್‌ನಿಂದಲೂ ಹೊರಗಿಡುವಂತಿಲ್ಲ ಎಂದು ತೀರ್ಪಿತ್ತರು. ಜಗತ್ತಿನಲ್ಲಿ ಮಹಿಳೆಯೊಬ್ಬರಿಗೆ ಗ್ರ್ಯಾಂಡ್‌ಮಾಸ್ಟರ್ ಪದವಿ ಮೊದಲು ಸಿಕ್ಕಿದ್ದು 1978ರಲ್ಲಿ, ಜಾರ್ಜಿಯಾದ ನೋನಾ ಗಪ್ರಿಂದಶ್ವಿಲಿಗೆ. ಭಾರತದಲ್ಲಿ ಕೊನೇರು ಹಂಪಿಗೆ, 2002ರಲ್ಲಿ. ಪಟ್ಟಿಯನ್ನಷ್ಟೇ ಓದುವವರಿಗೆ ಖಾಡಿಲ್ಕರ್ ಮನೆ ಕಾಣುವುದೇ ಇಲ್ಲ. ಬಾಗಿಲು ತೆರೆದುಕೊಟ್ಟವರ ಹೆಸರಿಲ್ಲದ ಪಟ್ಟಿ ನನ್ನ ದೃಷ್ಟಿಯಲ್ಲಿ ಅಪೂರ್ಣ.

ಈಗ ಕಂಪ್ಯೂಟರ್ ಬಂದಿದೆ, ಡೊಂಬಿವಿಲಿಯ ಹುಡುಗನೂ ನಾರ್ವೆಯ ಹುಡುಗನೂ ಒಂದೇ ಚೆಸ್ ಎಂಜಿನ್ ನೋಡಿ ಕಲಿಯುತ್ತಾರೆ, ಊರಿನ ಮಾತು ಹಳೆಯದಾಯಿತು ಎಂಬ ಆಕ್ಷೇಪವೂ ಉಂಟು. ವಿದ್ಯೆಯ ಮಟ್ಟಿಗೆ ಇದು ಸರಿ. ನಾರ್ಮ್ ಮಾತ್ರ ಪರದೆಯ ಮೇಲೆ ಸಿಗುವುದಿಲ್ಲ. ಎದುರುಬದುರು ಕೂತು, ಗಡಿಯಾರ ಒತ್ತಿ, ನಡೆಗಳನ್ನು ಹಾಳೆಯ ಮೇಲೆ ಬರೆದು ಗಳಿಸಬೇಕು. ಮುಂಬಯಿಯ ಆದಿತ್ಯ ಮಿತ್ತಲ್ 2022ರ ಡಿಸೆಂಬರ್‌ನಲ್ಲಿ, ಹದಿನಾರರ ವಯಸ್ಸಿನಲ್ಲಿ, ದೇಶದ 77ನೆಯ ಗ್ರ್ಯಾಂಡ್‌ಮಾಸ್ಟರ್ ಆದಾಗ ಆಡುತ್ತಿದ್ದದ್ದು ಸ್ಪೇನ್‌ನಲ್ಲಿ. ಅದೇ ವರ್ಷ ಬೆಂಗಳೂರಿನ ಪ್ರಣವ್ ಆನಂದ್ ಪದವಿ ಮುಟ್ಟಿದ್ದು ರೊಮೇನಿಯಾದಲ್ಲಿ. ಕಾಯುವ ಕಾಲ ಇಪ್ಪತ್ತು ವರ್ಷ ಕಡಿಮೆಯಾಗಿದೆ, ಸಂತೋಷ. ವಿಮಾನದ ಟಿಕೆಟ್ ಮಾತ್ರ ತಪ್ಪಿಲ್ಲ. ಅದನ್ನು ಕೊಳ್ಳಲಾರದ ಮನೆಗಳ ಮಕ್ಕಳು ಯಾವ ಪಟ್ಟಿಯಲ್ಲೂ ಇಲ್ಲ. ಅವರ ಸಂಖ್ಯೆ ಯಾರೂ ಎಣಿಸುವಂಥದ್ದಲ್ಲ, ನನಗೆ ನೋವಾಗುವುದು ಇದಕ್ಕೇ.

ಮುಂಬಯಿ ಬಡ ಊರಲ್ಲ. ಆಟಗಾರರಿಗೆ ನೌಕರಿ ಕೊಟ್ಟು ಸಾಕಿದ ರೈಲ್ವೆ, ತೈಲ ಕಂಪನಿಗಳ ದೊಡ್ಡ ಕಚೇರಿಗಳು ಇಲ್ಲೇ ಇವೆ. 2008ರಲ್ಲಿ ಶುರುವಾದ ಮೇಯರ್ಸ್ ಕಪ್ ಚೆಸ್ ಟೂರ್ನಿಯಿಂದ ವಿದೇಶಿ ಗ್ರ್ಯಾಂಡ್‌ಮಾಸ್ಟರ್‌ಗಳ ಎದುರು ಇಲ್ಲಿಯೇ ಕೂರುವ ಅವಕಾಶ ಒದಗಿತು. ಅದು ಸಾಲದು. ಹತ್ತೇ ಆಟಗಾರರು ಪರಸ್ಪರ ಆಡುವ ನಾರ್ಮ್ ಟೂರ್ನಿಗೆ ಬೇಕಾದದ್ದು ಐದು ಬೋರ್ಡು, ಒಂದು ನಿಶ್ಶಬ್ದ ಸಭಾಂಗಣ, ಫಿಡೆ ಮಾನ್ಯತೆಯ ಒಬ್ಬ ತೀರ್ಪುಗಾರ (ಆರ್ಬಿಟರ್), ಹೊರದೇಶದ ನಾಲ್ಕೈದು ಮಂದಿಯ ಪ್ರಯಾಣ ಮತ್ತು ಊಟ-ವಸತಿ. ಸಭಾಂಗಣ ಮಾಟುಂಗದಲ್ಲಿ ಮೈಸೂರು ಅಸೋಸಿಯೇಷನ್‌ಗೂ ಇದೆ, ಕರ್ನಾಟಕ ಸಂಘಕ್ಕೂ ಇದೆ. ನಾಟಕ, ಯಕ್ಷಗಾನ, ಉಪನ್ಯಾಸಗಳಿಗೆ ಮುಂಬಯಿ ಕನ್ನಡಿಗರು ಉದಾರವಾಗಿ ದತ್ತಿ ಇಟ್ಟಿದ್ದಾರೆ. ಇನ್ನು ಮುಂದೆ ದತ್ತಿ ಇಡುವ ಮನಸ್ಸಿರುವವರು ಒಂದು ಚೆಸ್ ಟೂರ್ನಿಯ ಹೆಸರಿನಲ್ಲಿ ಇಡಲಿ, ಅದರಲ್ಲಿ ಒಂದು ಸ್ಥಾನವನ್ನು ಟಿಕೆಟ್ ಕೊಳ್ಳಲಾರದ ಮನೆಯ ಹುಡುಗ ಅಥವಾ ಹುಡುಗಿಗೆ ಮೀಸಲಿಡಲಿ ಎಂದು ನಿಮ್ಮೆಲ್ಲರನ್ನೂ ಕೈಮುಗಿದು ಕೇಳುತ್ತೇನೆ.