ವಿಚಾರಿಸಿ ಶಿಕ್ಷಿಸಿ
(ಗ್ರಾಮ ಸೇವಕರ ಭಾಷಣ)



ಸಹಕಾರಿ ಬ್ಯಾಂಕಿನ ಲೆಕ್ಕದಲ್ಲಿ ಹಣ ಕಡಿಮೆ ಬಂದರೆ, "ಗುಮಾಸ್ತನನ್ನು ಇಂದೇ ಹೊರಗೆ ಹಾಕಿ" ಎನ್ನುತ್ತೇವೆ. ಹಣ ನಮ್ಮದು, ಸಿಟ್ಟು ಸಹಜ. ಆದರೆ ಪೈರು ಹಳದಿಯಾದೊಡನೆ, ರೋಗ ಯಾವುದೆಂದು ನೋಡದೆ ಔಷಧಿ ಹೊಡೆಯುವುದು ಸರಿಯೆ?

ಮೊದಲು ಆಪಾದನೆಯನ್ನು ಬರೆದು ಕೊಡಬೇಕು. ಉತ್ತರಕ್ಕೆ ಕಾಲಾವಕಾಶವಿರಬೇಕು. ಸಾಕ್ಷಿಗಳನ್ನು ಅವನ ಎದುರಿಗೇ ಕೇಳಬೇಕು; ಅವನೂ ಅವರನ್ನು ಪ್ರಶ್ನಿಸಬಹುದು. ದೂರು ಕೊಟ್ಟವನೇ ತೀರ್ಪುಗಾರನಾಗಬಾರದು. ಅಮಾನತಿನಲ್ಲಿಟ್ಟರೆ ಜೀವನಾಧಾರ ಭತ್ಯೆ ಕೊಡಬೇಕು.

ಕೋಲಾರದ ಚಿನ್ನದ ಗಣಿಯಲ್ಲಿ ಅಮಾನತಾದ ನೌಕರನೊಬ್ಬನಿಗೆ ಈ ಭತ್ಯೆ ದೊರೆಯಲಿಲ್ಲ. ಕೈಯಲ್ಲಿ ಕಾಸಿಲ್ಲದೆ ಅವನು ವಿಚಾರಣೆಗೆ ಬರಲಾಗಲಿಲ್ಲ. ಅವನಿಲ್ಲದೆಯೇ ವಿಚಾರಣೆ ಮುಗಿಸಿ ವಜಾ ಮಾಡಿದರು. ಕ್ರಿಮಿನಲ್ ಕೋರ್ಟು ಅವನನ್ನು ಖುಲಾಸೆ ಮಾಡಿತು. 1999ರಲ್ಲಿ ಸುಪ್ರೀಂ ಕೋರ್ಟು ಅವನಿಗೆ ಕೆಲಸವನ್ನೂ ಬಾಕಿ ಸಂಬಳವನ್ನೂ ಕೊಡಿಸಿತು.

ಗಣಿಯಾಗಲಿ, ಬ್ಯಾಂಕಾಗಲಿ ನ್ಯಾಯ ಒಂದೇ. ನಮ್ಮ ರಾಜ್ಯದ 1959ರ ಸಹಕಾರ ಸಂಘಗಳ ಕಾಯಿದೆಯ 70ನೆಯ ಕಲಮಿನಂತೆ, ಶಿಸ್ತು ಕ್ರಮದ ತಕರಾರನ್ನು ನೌಕರನು ರಿಜಿಸ್ಟ್ರಾರರ ಬಳಿಗೆ ಒಯ್ಯಬಹುದು. ಅಲ್ಲಿ ನಮ್ಮ ಕ್ರಮ ಬಿದ್ದುಹೋದರೆ, ದಂಡ ತೆರುವುದು ನಮ್ಮ ಷೇರು ಹಣವೇ.

ಆದ್ದರಿಂದ ಸಾಮಾನ್ಯ ಸಭೆಯಲ್ಲಿ ಆಡಳಿತ ಮಂಡಳಿಯನ್ನು ಕೇಳಿರಿ: "ಆಪಾದನಾ ಪತ್ರ ಕೊಟ್ಟಿರಾ? ಅವನ ಉತ್ತರ ಓದಿದಿರಾ?" ಕ್ರಮವಾಗಿ ವಿಚಾರಿಸಿದರೆ ಕಳ್ಳನಿಗೆ ಕೊಟ್ಟ ಶಿಕ್ಷೆ ನಿಲ್ಲುತ್ತದೆ, ನಿರಪರಾಧಿಯ ಅನ್ನ ಉಳಿಯುತ್ತದೆ.